ಇಲ್ಜೆಗೆ ಕೇಳಿಸಿದ ತಮಟೆ

ಹಾರನಹಳ್ಳಿ
೧೫ ಜನವರಿ ೨೦೨೫

ಪ್ರೀತಿಯ ಭೀಮಣ್ಣ,

ಜೈ ಭೀಮ್. ನಿನ್ನ ಕಾಗದ ಬಂದು ತಿಂಗಳಾಯಿತು, ಉತ್ತರ ಬರೆಯದಿದ್ದಕ್ಕೆ ಬೈದುಕೋ. ಫೋನಿನಲ್ಲಾದರೆ ನಾನು ಬಾಯಿ ತೆರೆಯುವಷ್ಟರಲ್ಲಿ ನೀನು ತೀರ್ಪು ಕೊಟ್ಟುಬಿಡುತ್ತೀಯ. ಅದಕ್ಕೇ ಈ ಕಾಗದ.

ನಮ್ಮ ಮನೆಗೆ ಲಾಟ್ವಿಯಾ ದೇಶದಿಂದ ಒಬ್ಬರು ಬಂದಿದ್ದರು. ಹೆಸರು ಇಲ್ಜೆ, ವಯಸ್ಸು ಅರವತ್ತರ ಹತ್ತಿರ. ಸಿನಿಮಾಗಳಿಗೆ ಸಂಗೀತ ಮಾಡುತ್ತಾರೆ, ಶಬ್ದಗಳನ್ನೂ ಅವರೇ ಜೋಡಿಸುತ್ತಾರೆ. ಹೊಸ ಚಿತ್ರಕ್ಕೆ ನಮ್ಮ ಕಡೆಯ ಸದ್ದುಗಳನ್ನು ಹಿಡಿಯಲು ಬಂದವರು. ಬೇಲೂರಿನ ಕಾಲೇಜಿನಲ್ಲಿ ಇಂಗ್ಲಿಷ್ ಪಾಠ ಮಾಡುವ ನಮ್ಮವರೇ ನಾಲ್ಕು ದಿನ ಅವರಿಗೆ ದುಭಾಷಿ.

ನನಗೋ ಕುತೂಹಲ ತಡೆಯಲಾಗದೆ ಕೇಳಿದ್ದೇ ಕೇಳಿದ್ದು. ರೀಗಾದ ಬೊಂಬೆಯಾಟದ ರಂಗಮಂದಿರದಲ್ಲಿ ಪರದೆಯ ಹಿಂದೆ ನಿಂತು ಬೊಂಬೆಗಳ ಹೆಜ್ಜೆ ಸದ್ದು ಮಾಡುವುದು ಅವರ ಮೊದಲ ಕೆಲಸವಂತೆ. ಸೋವಿಯತ್ ಒಡೆದಾಗ ಆ ಕೆಲಸ ಹೋಯಿತು. ಹಳೆಯ ಟೇಪ್ ರೆಕಾರ್ಡರ್ ಹೊತ್ತುಕೊಂಡು ಹೋಗಿ, ಹೆಪ್ಪುಗಟ್ಟಿದ ನದಿ ಬಿರಿಯುವ ಸದ್ದು ಹಿಡಿದು, ಅದನ್ನೇ ಒಂದು ಚಿತ್ರಕ್ಕೆ ಸಂಗೀತ ಮಾಡಿದರಂತೆ. "ಇದೂ ಒಂದು ಸಂಗೀತವೇ?" ಎಂದು ನಿರ್ಮಾಪಕ ಜಗಳಕ್ಕೇ ಬಂದನಂತೆ. ಬಹುಮಾನ ಬಂದದ್ದು ಅದಕ್ಕೇ! ಆಮೇಲೆ ಮೂವತ್ತು ಚಿತ್ರ ಮಾಡಿದ್ದಾರೆ.

ಅವರದೊಂದು ಪದ್ಧತಿ ಕೇಳು. ಎಲ್ಲಿ ಹೋದರೂ ಮೊದಲು ಆ ಜಾಗದ ಮೌನವನ್ನು ಒಂದು ನಿಮಿಷ ರೆಕಾರ್ಡ್ ಮಾಡುತ್ತಾರೆ. ಚಿತ್ರದಲ್ಲಿ ಮಾತು ಮಾತಿನ ನಡುವಿನ ಖಾಲಿ ಜಾಗಕ್ಕೆ ಅದನ್ನು ತುಂಬುವುದಂತೆ. ಹಳೇಬೀಡಿನ ದೇವಸ್ಥಾನದಲ್ಲಿ ಆ ಒಂದು ನಿಮಿಷಕ್ಕೆ ಎರಡು ಗಂಟೆ ಕಾದರು. ಪ್ರವಾಸಕ್ಕೆ ಬಂದ ಶಾಲೆ ಮಕ್ಕಳು ಬಾಯಿ ಮುಚ್ಚಬೇಕಲ್ಲ!

ನಮ್ಮ ಮನೆಯಲ್ಲೂ ಫ್ಯಾನ್ ಆರಿಸಿ, ಎಲ್ಲರೂ ಉಸಿರು ಬಿಗಿಹಿಡಿದು ಕೂತೆವು. ಅರ್ಧ ನಿಮಿಷವಾಗಿರಬೇಕು, ಇಲ್ಜೆ ಹೆಡ್‌ಫೋನ್ ಒತ್ತಿಕೊಂಡು ಅಪ್ಪನ ಕಡೆ ತಿರುಗಿದರು. ಅಪ್ಪ ಬೆರಳುಗಳಿಂದ ಮೊಣಕಾಲಿನ ಮೇಲೆ ಬಾರಿಸುತ್ತಿದ್ದರು. ಅದು ಅವರಿಗೇ ಗೊತ್ತಿರಲಿಲ್ಲ.

"ಇದು ಯಾವ ವಾದ್ಯದ್ದು ಅಂತ ಕೇಳ್ತಿದ್ದಾರೆ ಮಾವ," ಅಂದರು ನಮ್ಮವರು.

"ತಮಟೆದು ಕಣಪ್ಪ. ಬಿಟ್ಟು ಇಪ್ಪತ್ತೈದು ವರ್ಸ ಆಯ್ತು. ಊರೋರ ಸಾವಿಗೆಲ್ಲ ಕರೆದಾಗ ಹೋಗಿ ಬಡೀಬೇಕಿತ್ತು. ಅದು ಬ್ಯಾಡ ಅಂತ ನನ್ ಮಗನೇ ಬಿಡಿಸ್ದ. ಒಳ್ಳೇದೇ ಮಾಡ್ದ ಬಿಡು."

ಇಲ್ಜೆ ಇನ್ನೊಂದು ಕೇಳಿದರು: ಯಾರಿಗೋಸ್ಕರವೂ ಅಲ್ಲದೆ, ನಿಮಗೋಸ್ಕರ ಬಾರಿಸುತ್ತೀರಾ?

ಅಪ್ಪ ಬೆರಗಾಗಿ ನೋಡಿದರು. "ನಂಗೋಸ್ಕರವಾ? ಅಂಗೂ ಬಡೀಬೋದಾ? ಬಡೀತಿದ್ದೆ ಕಣಪ್ಪ. ತಮಟೆ ಎಲ್ಲೈತೆ? ಸುಟ್ಟೋಯ್ತಲ್ಲ."

ಬೇರೆ ತರಿಸೋಣವೆಂದರೆ ಒಪ್ಪಲಿಲ್ಲ, ತಮ್ಮ ಕೈಗೆ ತಮ್ಮ ಹಳೆಯದೇ ಆಗಬೇಕಂತೆ. ತಿಂಗಳ ಕೊನೆಗೆ ಇಲ್ಜೆ ಮತ್ತೊಮ್ಮೆ ಬಂದು ಹೋಗುತ್ತಾರೆ.

ನಿನಗೂ ಮಾಲಿನಿ ಅತ್ತಿಗೆಗೂ ಅಪ್ಪನ ಆಶೀರ್ವಾದ. ಬುದ್ಧನ ಕರುಣೆ ನಿಮ್ಮ ಮನೆಯ ಮೇಲಿರಲಿ.

ನಿನ್ನ ತಂಗಿ,
ಲತಾಮಣಿ

ವಿ.ಸೂ.: ಮರೆತು ಇಲ್ಲಿ ಸೇರಿಸುತ್ತಿಲ್ಲ, ಮೇಲೆ ಬರೆಯಲು ಧೈರ್ಯ ಬರಲಿಲ್ಲ. ನೀನು ಸುಡು ಎಂದು ಕೊಟ್ಟ ತಮಟೆಯನ್ನು ನಾನು ಸುಡಲಿಲ್ಲ, ಅಟ್ಟದ ಮೇಲಿದೆ. ಅವ್ವ ತೀರಿಕೊಂಡ ದಿನ ಅಪ್ಪ ನನ್ನ ಕೈ ಹಿಡಿದು, "ಊರೋರಿಗೆಲ್ಲ ಬಡ್ದೆ, ನಿಮ್ಮವ್ವಂಗೆ ಒಂದ್ಸಲ ಬಡೀತೀನಿ. ನಿಜ ಹೇಳವ್ವ, ಸುಟ್ಬಿಟ್ರಾ?" ಎಂದು ಕೇಳಿದ್ದರು. ನೀನು ಅಂಗಳದಲ್ಲೇ ನಿಂತಿದ್ದೆ. ನಿನಗೆ ಹೆದರಿ ಹೂಂ ಅಂದೆ. ಈಗ ಇಳಿಸಿ ಕೊಟ್ಟರೆ ಅಪ್ಪನಿಗೆ ಮೊದಲು ನೆನಪಾಗುವುದು ಆ ದಿನವೇ. ನೀನು ಬಾ ಅಣ್ಣ, ಒಬ್ಬಳೇ ಹೇಳಲಾರೆ.