ದೌಲತಕ್ಕನ ಸಾವಿನ ದೃಶ್ಯ

ಮಾರ್ಚ್ 7, 1949. ಸೋಮವಾರ

ಮತ್ತೆ ಡಾಕ್ಟರ್ ಪಾತ್ರ. ಅದೇ ಕರಿ ಕೋಟು, ಅದೇ ಖಾಲಿ ಬ್ಯಾಗು. ಒಳಗೆ ಬಂದೆ, ನಾಡಿ ಹಿಡಿದೆ, ತಲೆಯಾಡಿಸಿದೆ. ಒಂದೇ ಟೇಕ್. ಬಾಗಿಲಲ್ಲಿ ನಿಂತಿದ್ದ ದೌಲತಕ್ಕ ಕುಸಿದು ಗೋಳಾಡಿದಳು. ಚಿತ್ರದಲ್ಲಿ ಸಾಯುವವರ ತಾಯಿ ಯಾವಾಗಲೂ ಅವಳೇ. ಕಟ್ ಎಂದದ್ದೇ ತಡ, ಮೂಗು ಒರೆಸಿಕೊಂಡು ಬಂದಳು.

"ಏನಯ್ಯಾ ಡಾಕ್ಟ್ರೇ, ಈ ಸಲಾನೂ ನನ್ನ ಮಗನ್ನ ಕೊಂದ್ಯಲ್ಲ!"

ಸಂಜೆ ಶುಬ್ರಾ ಬಡಾವಣೆಯ ನನ್ನ ಮನೆಗೆ ಬಂದರೆ ಕಾವಲುಗಾರನ ಹೆಂಡತಿ ಮೆಟ್ಟಿಲ ಹತ್ತಿರ ಕಾಯುತ್ತಿದ್ದಳು. ಮಗುವಿಗೆ ಕೆಮ್ಮಂತೆ. ನಾನು ನಟ ತಾಯೀ ಎಂದೆ. "ಗೊತ್ತು ಡಾಕ್ಟ್ರೇ, ಏನಾದ್ರೂ ಕೊಡಿ" ಎಂದಳು. ಜೇನು, ನಿಂಬೆರಸ ಹೇಳಿ ಕಳಿಸಿದೆ. ನನ್ನ ಹೆಸರು ಅನೀಸ್ ತಾದ್ರುಸ್ ಎಂದರೆ ಇಡೀ ಕೈರೋದಲ್ಲಿ ಯಾರಿಗೂ ಗೊತ್ತಿಲ್ಲ. ಡಾಕ್ಟರ್ ಎಂದರೆ ಎಲ್ಲರಿಗೂ ಗೊತ್ತು.

ಮಾರ್ಚ್ 10

ನಮ್ಮ ಸ್ಟುಡಿಯೋ ಸಾಹೇಬರು, ಹಸೀಬ್ ಬೇ, ಹೊಸ ಚಿತ್ರ ತೆಗೆಯುತ್ತಿದ್ದಾರೆ. ದುಡ್ಡೂ ಅವರದೇ, ನಿರ್ದೇಶನವೂ ಅವರದೇ. ಸಾಯುವ ಪಾತ್ರ ದೌಲತಕ್ಕನಿಗೆ. ಪೋಸ್ಟರಿನಲ್ಲಿ ಹೆಸರು ಕೂಡ. ಅಂಗಳದಲ್ಲಿ ನನ್ನ ತೋಳು ಹಿಡಿದು ಎಳೆದಾಡಿದಳು.

"ಇಷ್ಟು ವರ್ಷ ಬಾಗಿಲ ಹೊರಗೆ ನಿಂತು ಅತ್ತೆ. ಕೊನೆಗೂ ಮಂಚ ಹತ್ತಿದೆ ಕಣಯ್ಯಾ!"

ಎಲ್ಲರಿಗೂ ಚಹಾ ತರಿಸಿದಳು. ತಾನು ಮಾತ್ರ ಕುಡಿಯಲಿಲ್ಲ... ಹೊಟ್ಟೆ ಸರಿಯಿಲ್ಲವಂತೆ.

ಮಾರ್ಚ್ 22

ದೌಲತಕ್ಕ ಸೆಟ್ಟಿನಲ್ಲೇ ಬಿದ್ದಳು. ಮೊದಲು ನಟನೆ ಎಂದುಕೊಂಡೆವು. ದೇವರೇ.

ಮಧ್ಯಾಹ್ನ ಹಸೀಬ್ ಬೇ ಕೋಣೆಗೆ ಕರೆಸಿದರು. ಪರೀಕ್ಷೆ ಮಾಡಿದ ಗ್ರೀಕ್ ಡಾಕ್ಟರು ಹೇಳಿದ್ದನ್ನು ಹೇಳಿದರು. ಹೊಟ್ಟೆಯಲ್ಲಿ ಗಡ್ಡೆ. ಕತ್ತರಿಸಿ ಪ್ರಯೋಜನವಿಲ್ಲ. ಬೇಸಿಗೆ ದಾಟುವುದು ಕಷ್ಟ.

"ಅವಳಿಗೆ ತಿಳೀಬಾರದು, ಅವಳ ತಮ್ಮನೂ ಹಾಗೇ ಅಂದ. ತಿಳಿದ್ರೆ ಮನೇಲೇ ಕೂತ್ಬಿಡ್ತಾಳೆ, ನನ್ನ ಚಿತ್ರ ನಿಲ್ಲತ್ತೆ. ನೀವು ಹೋಗಿ ಹುಣ್ಣು ಅಂತ ಹೇಳಿ. ನಿಮ್ಮ ಮಾತು ನಂಬ್ತಾಳೆ."

ತಲೆಯಾಡಿಸಿದೆ. ತಲೆಯಾಡಿಸುವುದೇ ನನ್ನ ಕಸುಬು.

ಮಾರ್ಚ್ 23. ಬೆಳಿಗ್ಗೆ ಹತ್ತು

ಸಯ್ಯಿದಾ ಝೈನಬ್ ಬಡಾವಣೆಯ ದೌಲತಕ್ಕನ ಮನೆಗೆ ಹೋಗಿದ್ದೆ. ಬೇಡವೆಂದರೂ ಎದ್ದು ಕಾಫಿ ಮಾಡಿದಳು. ಹುಣ್ಣು ಅಕ್ಕ ಎಂದೆ. ಹಾಲು ಕುಡಿ, ಹುರಿದದ್ದು ತಿನ್ನಬೇಡ, ಚಳಿಗಾಲದ ಹೊತ್ತಿಗೆ ಹುಷಾರಾಗುತ್ತೀ... ಚೆನ್ನಾಗಿಯೇ ಹೇಳಿದೆ ಎಂದುಕೊಂಡೆ. ಅವಳು ನನ್ನ ಮುಖವನ್ನೇ ನೋಡುತ್ತಿದ್ದಳು.

"ಈ ಡೈಲಾಗ್ ಯಾರಯ್ಯಾ ಬರೆದದ್ದು?"

"ಅಕ್ಕ—"

"ಎಷ್ಟು ಸಲ ನಿನ್ನ ಎದುರು ನಿಂತಿದೀನಿ. ನೀನು ಯಾವಾಗ ನಟಿಸ್ತೀಯ ಅಂತ ನನಗೆ ಗೊತ್ತಾಗಲ್ವಾ? ನಿಜ ಹೇಳು."

ಹೇಳಿಬಿಟ್ಟೆ. ಎಲ್ಲವನ್ನೂ. ಕಾಫಿ ಆರಿತು. ಅವಳ ಅಳು ನನಗೆ ಬಾಯಿಪಾಠ. ಎದೆ ಬಡಿದುಕೊಳ್ಳುವುದು, ಗೋಡೆಗೆ ಒರಗುವುದು... ಇದು ಅದಾವುದೂ ಅಲ್ಲ. ಸದ್ದೇ ಇಲ್ಲ. ತಲೆವಸ್ತ್ರದ ಅಂಚನ್ನು ಬಾಯಿಗೊತ್ತಿಕೊಂಡು ಕೂತಿದ್ದಳು, ಅಷ್ಟೇ. ಎಲ್ಲಿ ನೋಡಬೇಕೋ ತಿಳಿಯದೆ ಲೋಟ ನೋಡುತ್ತಿದ್ದೆ.

ಆಮೇಲೆ ಮುಖ ತೊಳೆದು ಬಂದಳು. "ನನಗೆ ಗೊತ್ತು ಅಂತ ಅವರಿಗೆ ಹೇಳಬೇಡ. ನಾನು ಬರ್ತೀನಿ. ಆದ್ರೆ ಆ ಮಂಚದ ಸೀನು ಮೊದಲು ತೆಗೀಬೇಕು. ಅದಕ್ಕೆ ಮುಂಚೆ ನಾನು ಹೋದ್ರೆ ಇನ್ಯಾರನ್ನೋ ಮಲಗಿಸ್ತಾರೆ ಅನೀಸ್. ನನ್ನ ಜಾಗದಲ್ಲಿ!"

ಅದೇ ದಿನ, ಸಂಜೆ

ಮಂಚದ ಸೀನು ಮೊದಲು ತೆಗೆಯಿರಿ ಎಂದು ನನ್ನದೇ ಮಾತೆಂಬಂತೆ ಕೇಳಿದೆ. ಹಸೀಬ್ ಬೇ ಒಪ್ಪಲಿಲ್ಲ. ಹಾಡಿನ ಸೆಟ್ ಹಾಕಿಯಾಗಿದೆ, ನಾಯಕಿಯ ಡೇಟ್ಸ್ ಕೈತಪ್ಪುತ್ತವೆ. ಮೊದಲು ಹಾಡು, ಸಾವು ಕೊನೆಗೆ.

ಹಾಗಾದರೆ ನಾನು ಬರುವುದಿಲ್ಲ ಎಂದೆ. ನನ್ನ ದನಿ ನನಗೇ ಹೊಸದು.

"ಡಾಕ್ಟ್ರ ಕೋಟು ಹಾಕೋರು ಬೀದಿಗೆ ಹತ್ತು ಜನ ಸಿಗ್ತಾರೆ!"

"ಸಿಗ್ತಾರೆ ಬೇ. ಹುಣ್ಣು ಅಂತ ದಿನಾ ಹೋಗಿ ನಂಬಿಸೋನು ಸಿಗ್ತಾನಾ?"

ಸಿಗರೇಟು ಹೊಸಕಿ ಆರಿಸಿದರು. "ಸರಿ. ಆ ಸೀನು ಮೊದಲು. ಆ ದಿನ ಬಾ, ಕೆಲಸ ಮುಗಿಸು. ಆಮೇಲೆ ಈ ಗೇಟಿನೊಳಗೆ ಕಾಲಿಡಬೇಡ."

ನೈಲ್ ಸೇತುವೆಯ ಮೇಲೆ ನಡೆದೇ ಬಂದೆ. ಗೇಟಿನೊಳಗೆ ಕಾಲಿಡಬೇಡ ಎಂದದ್ದನ್ನು ಅಕ್ಕನಿಗೆ ಹೇಳುವುದಿಲ್ಲ.

ಏಪ್ರಿಲ್ 4. ಸೋಮವಾರ

ಆಯಿತು.

ಸಾಯುವ ಮುಂಚೆ ಎರಡು ಪುಟ ಮಾತಿತ್ತು ದೌಲತಕ್ಕನಿಗೆ. ಚಿತ್ರದ ಮಗಳಿಗೆ ಬುದ್ಧಿ, ದೇವರಿಗೆ ಮೊರೆ. ಎಲ್ಲ ಓದಿ ಕಾಗದ ಮಡಚಿಟ್ಟಳು. "ಸಾಯೋರು ಇಷ್ಟು ಮಾತಾಡಲ್ಲ ಬೇ." ಹಸೀಬ್ ಬೇ ನನ್ನತ್ತ ತಿರುಗಿದರು. ಆಗ ಅವರಿಗೆ ತಿಳಿಯಿತೆಂದು ತೋರುತ್ತದೆ, ಅವಳಿಗೆ ಎಲ್ಲ ಗೊತ್ತೆಂದು.

ಕ್ಯಾಮೆರಾ ಓಡಿತು. ನಾನು ಹೋದೆ, ನಾಡಿ ಹಿಡಿದೆ. ಅವಳು ಕಣ್ಣು ತೆರೆದಳು. ಮಗಳನ್ನು ನೋಡಬೇಕಿತ್ತು, ನನ್ನನ್ನು ನೋಡಿದಳು. ನನ್ನ ಬೆರಳು ಹಿಡಿದು, ಮೆಲ್ಲಗೆ, "ಹೆದರಬೇಡ" ಎಂದಳು. ನನಗೆ! ತಲೆಯಾಡಿಸುವುದನ್ನೇ ಮರೆತೆ. ಹಸೀಬ್ ಬೇ ಕಟ್ ಹೇಳಲಿಲ್ಲ. ರೀಲು ಮುಗಿಯುವವರೆಗೆ ಓಡಲು ಬಿಟ್ಟರು, ಆಮೇಲೆ ಎದ್ದು ಹೊರಗೆ ಹೋದರು.

ಕೋಟು ಬಿಚ್ಚಿ ಮೊಳೆಗೆ ಹಾಕಿ ಬಂದೆ.

ಜೂನ್ 17. ಶುಕ್ರವಾರ

ದೌಲತಕ್ಕ ಹೋದಳು. ನಸುಕಿನಲ್ಲಿ. ಉಳಿದ ಸೀನುಗಳನ್ನೂ ಮುಗಿಸಿಕೊಟ್ಟಿದ್ದಳು. ಅವಳ ತಮ್ಮ ಹೇಳಿದ, ಕೊನೆಯವರೆಗೂ ಹುಣ್ಣು ಅಂತಲೇ ನಂಬಿದ್ದಳು ಪಾಪ, ಎಂದು. ಹೌದು ಎಂದೆ. ಹೆಣ ಎತ್ತಿದಾಗ ಬೀದಿಯ ಹೆಂಗಸರು, ಅವಳನ್ನು ಪರದೆಯ ಮೇಲಲ್ಲದೆ ಕಾಣದವರೂ, ಅಮ್ಮಾ ಎಂದು ಕೂಗಿದರು.

ಅಕ್ಟೋಬರ್ 10. ಚಿತ್ರಮಂದಿರದ ಎದುರಿನ ಕಾಫಿ ಅಂಗಡಿ, ಸಂಜೆ ಐದೂವರೆ

ಜೂನ್‌ನಿಂದ ಏನೂ ಬರೆದಿಲ್ಲ. ಬೇರೆ ಸ್ಟುಡಿಯೋಗಳೂ ಕರೆಯುತ್ತಿಲ್ಲ.

ಇವತ್ತು ಬಿಡುಗಡೆ. ಪೋಸ್ಟರಿನಲ್ಲಿ ಅವಳ ಹೆಸರು ಮೂರನೆಯದು, ದೊಡ್ಡದಾಗಿಯೇ ಇದೆ. ಮೂರರ ಆಟಕ್ಕೆ ಹೋದೆ. ಮಂಚದ ದೃಶ್ಯ ಬಂದಾಗ ಪಕ್ಕದ ಮುದುಕಿ ನನ್ನ ಗುರುತು ಹಿಡಿದಳು. ಪರದೆ ನೋಡಿದಳು, ನನ್ನನ್ನು ನೋಡಿದಳು. ಮೊಣಕೈ ಗಟ್ಟಿಯಾಗಿ ಹಿಡಿದುಕೊಂಡಳು.

"ಡಾಕ್ಟ್ರಪ್ಪಾ, ಬದುಕ್ತಾಳೆ ತಾನೇ?"

ಅಷ್ಟರಲ್ಲಿ ದೌಲತಕ್ಕ ಕಣ್ಣು ತೆರೆದಳು, ಆ ಗೋಡೆಯಷ್ಟು ಅಗಲದ ಮುಖ... ಸಭಾಂಗಣದಲ್ಲಿ ಒಬ್ಬರೂ ಕೆಮ್ಮಲಿಲ್ಲ.

ಬದುಕ್ತಾಳಮ್ಮ, ಎಂದೆ.

ಆರರ ಆಟಕ್ಕೂ ಟಿಕೆಟ್ ತೆಗೆದಿದ್ದೇನೆ. ಬಾಗಿಲು ತೆರೆದರು. ಜನ ನುಗ್ಗುತ್ತಿದ್ದಾರೆ, ಮುಂದಿನ ಸಾಲು ಸಿಕ್ಕಿದರೆ—