ಎಂಟನೇ ನಂಬರಿನ ಬಲ ಮೊಣಕಾಲು

ಪ್ರೀತಿಯ ಮಗಳು ನಾರೆಗೆ,

ಸಕಲರಿಗೂ ತಿಳಿಯಪಡಿಸುವುದೇನೆಂದರೆ, ಬರುವ ಸೋಮವಾರದಿಂದ ನಮ್ಮ ಅಂಗಡಿಯಲ್ಲಿ ಕರಿದ ಕೋಳಿಯ ಜೊತೆ ಕೊಡುವ ಮೂಲಂಗಿ ಉಪ್ಪಿನಕಾಯಿಯನ್ನು ಚೌಕವಾಗಿ ಹೆಚ್ಚದೆ ದುಂಡನೆಯ ಬಿಲ್ಲೆಗಳಾಗಿ ಹೆಚ್ಚಲಾಗುವುದು. ಗಾಂಗ್ನುಂಗ್ ಪಟ್ಟಣವೇಕೆ, ಇಡೀ ಕೊರಿಯಾದ ಇತಿಹಾಸದಲ್ಲೇ ಇಂಥ ಸುಧಾರಣೆ ನಡೆದಿಲ್ಲ. ನಿಮ್ಮಮ್ಮ ಮಂಡಿಸಿದಳು, ನಿಮ್ಮಮ್ಮನೇ ಅನುಮೋದಿಸಿದಳು. ಅಂಗಡಿಯ ಯಜಮಾನನಾದ ನಾನು ಈರುಳ್ಳಿ ಸುಲಿಯುತ್ತಿದ್ದುದರಿಂದ ಮತ ಹಾಕಲಾಗಲಿಲ್ಲ.

ಇಷ್ಟು ದೊಡ್ಡ ಸುದ್ದಿ ಕೊಟ್ಟ ಮೇಲೆ ಸಣ್ಣದೊಂದನ್ನು ಹೇಳಬಹುದು. ನಿನ್ನ ಮೊಣಕಾಲಿನ ವಿಷಯ ನಮಗೆ ಗೊತ್ತು. ನೀನು ಫೋನಿನಲ್ಲಿ "ಸ್ವಲ್ಪ ಉಳುಕಿದೆ ಅಪ್ಪ, ಐಸ್ ಇಟ್ಟಿದೀನಿ" ಅಂದೆ. ನಾನು "ಊಟ ಆಯ್ತಾ?" ಅಂದೆ. ನೀನು "ಆಯ್ತು" ಅಂದೆ. ಸಂಜೆಯ ಸುದ್ದಿಯಲ್ಲಿ ಟೀವಿಯವರು, ಬಲಗಾಲಿನ ಲಿಗಮೆಂಟ್ ಹರಿದಿದೆ, ಗುರುವಾರ ಸೋಲ್ ನಗರದಲ್ಲಿ ಆಪರೇಷನ್, ಇದು ಮೂರನೆಯದು, ಮೂವತ್ತಮೂರರ ಕ್ಯಾಪ್ಟನ್ ಮತ್ತೆ ಆಡುವುದು ಅನುಮಾನ ಎಂದು ಎಲ್ಲವನ್ನೂ ಒದರಿಬಿಟ್ಟರು. ನಿನ್ನ ಮೇಲೆ ಸಿಟ್ಟಿಲ್ಲ. ಅಜ್ಜಿ ಕೈ ಮುರಿದುಕೊಂಡಾಗ ನಾವೂ ನಿನಗೆ ಬಿಸಿನೀರಿನ ಬುಗ್ಗೆಗೆ ಪ್ರವಾಸ ಹೋಗಿದ್ದಾಳೆ ಎಂದೇ ಹೇಳಿದ್ದು. ಟೀವಿಯಲ್ಲಿ ಆ ಸುದ್ದಿ ಕೇಳಿದಾಗಿನಿಂದ ನಿಮ್ಮಮ್ಮ ದೊಡ್ಡ ಪಾತ್ರೆಯಲ್ಲಿ, ಕೀಲಿಗೆ ಬಲ ಕೊಡುವ ಎತ್ತಿನ ಮೂಳೆಯ ಸಾರು ಕುದಿಸುತ್ತಿದ್ದಾಳೆ. ಯಾರಿಗೆ ಎಂದು ಕೇಳಿದರೆ, "ಮೂಳೆ ಅಗ್ಗಕ್ಕೆ ಸಿಕ್ತು ಕಣ್ರೀ" ಎನ್ನುತ್ತಾಳೆ. ಕಣ್ಣು ಕೆಂಪಾಗಿರುವುದೇಕೆ ಎಂದರೆ ಈರುಳ್ಳಿಯಂತೆ. ಈರುಳ್ಳಿ ಸುಲಿಯುವವನು ನಾನು.

ಇದಕ್ಕೆಲ್ಲ ಮೂಲ ನಿನ್ನ ಶಾಲೆಯ ಮೇಷ್ಟ್ರು. ಹುಡುಗರ ಫುಟ್‌ಬಾಲ್ ತಂಡಕ್ಕೆ ಒಬ್ಬರು ಕಡಿಮೆ ಬಿದ್ದರೆಂದು, ಬಂದವರಿಗೆ ಕಪ್ಪು ನೂಡಲ್ಸ್ ಕೊಡಿಸುತ್ತೇನೆ ಎಂದರು. ನೀನು ಎರಡು ಬಟ್ಟಲು ತಿಂದೆ, ಆಮೇಲೆ ಮೈದಾನದಿಂದ ವಾಪಸು ಬರಲೇ ಇಲ್ಲ. ನಡುಮೈದಾನದ ಆಟಗಾರ್ತಿ ಎಂದರೆ ಏನು ಎಂದು ಅಜ್ಜಿ ಕೇಳಿದಾಗ, ಮುಂದಿನವರು ಗೋಲು ಹೊಡೆಯುತ್ತಾರೆ, ಹಿಂದಿನವರು ತಡೆಯುತ್ತಾರೆ, ಇವಳು ನಡುವೆ ನಿಂತು ಎಲ್ಲರಿಗೂ ಬಡಿಸುತ್ತಾಳೆ ಎಂದು ನಾನು ವಿವರಿಸಿದೆ. "ಅಷ್ಟಕ್ಕೆ ಮನೇಲೇ ಇರಬಹುದಿತ್ತಲ್ಲ" ಅಂದಳು ಅಜ್ಜಿ. ಗಂಡಸರ ಪಂದ್ಯವಿದ್ದ ದಿನ ನಮ್ಮ ಅಂಗಡಿಯಲ್ಲಿ ಕೋಳಿ ಸಾಲುವುದಿಲ್ಲ. ನಿನ್ನ ಪಂದ್ಯದ ದಿನ ಫೋನ್ ಮಾಡುವವನು ನಿನ್ನ ಚಿಕ್ಕಪ್ಪ ಒಬ್ಬನೇ, ಅದೂ ಉಪ್ಪು ಜಾಸ್ತಿ ಎಂದು ದೂರುವುದಕ್ಕೆ.

ನಿನಗೆ ಇಪ್ಪತ್ತಾಗಿದ್ದಾಗಿನ ಆ ಸೆಮಿಫೈನಲ್ ನೆನಪಿದೆಯಲ್ಲ? ಚೆಂಡು ನಿನಗೂ ನಿಮ್ಮ ತಂಡದ ಜಿನ್‌ಸುಕ್ ಅಕ್ಕನಿಗೂ ನಡುವೆ ಬಿತ್ತು. ನಮ್ಮಲ್ಲಿ ಒಂದು ವರ್ಷ ದೊಡ್ಡವರಾದರೂ ದೊಡ್ಡವರೇ. ಆಕೆ ನಿನಗಿಂತ ಒಂಬತ್ತು ವರ್ಷ ದೊಡ್ಡವಳು. "ಅಕ್ಕಾ" ಎಂದು ನೀನು ಪಕ್ಕಕ್ಕೆ ಸರಿದೆ. ಚೆಂಡು ನಿನಗೇ ಹತ್ತಿರವೆಂದು ಆಕೆ ನಿಂತಳು. ಊಟಕ್ಕೆ ಬಂದ ಬೀಗರು ಬಾಗಿಲಲ್ಲಿ ನೀವು ಮೊದಲು, ನೀವು ಮೊದಲು ಎನ್ನುತ್ತಾರಲ್ಲ, ಹಾಗೆ. ಎದುರಾಳಿ ಹುಡುಗಿ ಯಾರ ವಯಸ್ಸನ್ನೂ ವಿಚಾರಿಸದೆ ಗೋಲು ಹೊಡೆದಳು. ನಾವು ಸೋತೆವು. ಅಂಗಡಿಯಲ್ಲಿ ಬಿಯರ್ ಕುಡಿಯುತ್ತಿದ್ದ ಗಿರಾಕಿಯೊಬ್ಬ, "ಯಜಮಾನ್ರೇ, ಆ ಎಂಟನೇ ನಂಬರ್ ಹುಡುಗೀಗೆ ಮನೇಲಿ ಮರ್ಯಾದೆ ಜಾಸ್ತಿ ಕಲಿಸ್ಬಿಟ್ಟಿದಾರೆ" ಅಂದ. ನಾನು ಅವನಿಗೆ ಇನ್ನೊಂದು ಕಾಲಿನ ತುಂಡು ಬಿಟ್ಟಿ ಕೊಟ್ಟೆ. ಯಾಕೆ ಕೊಟ್ಟೆನೋ ಈಗಲೂ ಗೊತ್ತಿಲ್ಲ.

ಆಮೇಲೆ ನೀನು ನಾರ್ವೆಯ ಕ್ಲಬ್ಬಿಗೆ ಹೋದೆ, ಚಳಿಯಲ್ಲಿ ಆಡಿದೆ, ಎರಡು ಸಲ ಕಾಲು ಕೊಯ್ಯಿಸಿಕೊಂಡೆ, ಕ್ಯಾಪ್ಟನ್ ಆಗಿ ವಾಪಸು ಬಂದೆ. ಬಂದವಳೇ ಮೈದಾನದೊಳಗೆ ಅಕ್ಕ ಎನ್ನುವ ಮಾತನ್ನೇ ನಿಲ್ಲಿಸಿದೆ. ತಂಡದ ಹತ್ತೊಂಬತ್ತು ವರ್ಷದ ದಾಬಿನ್, "ನಾರೆ, ಇಲ್ಲಿ ಕೊಡೇ" ಎಂದು ಕೂಗಿದ್ದು ಟೀವಿಯಲ್ಲಿ ಕೇಳಿಸಿತು. ಅಜ್ಜಿ ಊಟದ ಕಡ್ಡಿಗಳನ್ನು ಕೆಳಗಿಟ್ಟು, "ಯಾರ ಮನೆ ಹುಡುಗಿ ಅದು? ಅವರಮ್ಮನ ನಂಬರ್ ಕೊಡಿ" ಅಂದಳು.

ಕಳೆದ ಶನಿವಾರವೂ ಕೂಗಿದವಳು ಆ ದಾಬಿನ್ನೇ. ಎರಡು ಗೋಲು ಮುಂದಿದ್ದೆವು, ಆಟ ಮುಗಿಯುತ್ತಿತ್ತು, ಚೆಂಡು ಗೆರೆ ದಾಟಿ ಹೊರಹೋಗುತ್ತಿತ್ತು. "ನಾರೆ, ಬಿಡು, ಬಿಟ್ಬಿಡು." ಕೈಯಲ್ಲಿ ಇಕ್ಕಳ ಹಿಡಿದು ನಾನೂ ಅದನ್ನೇ ಹೇಳುತ್ತಿದ್ದೆ, ಬಾಣಲೆಯ ಮುಂದೆ ನಿಂತು, ಟೀವಿಗೆ. ಆ ಸೆಮಿಫೈನಲ್ ಆದಮೇಲೆ ನೀನು ಒಂದು ಚೆಂಡನ್ನೂ ಯಾರಿಗೂ ಬಿಟ್ಟವಳಲ್ಲ. ಜಾರಿದೆ, ತಲುಪಿದೆ, ಏಳಲಿಲ್ಲ. ಎಣ್ಣೆ ಕುದಿಯುತ್ತಲೇ ಇತ್ತು, ಕೋಳಿ ಇದ್ದಿಲಾಯಿತು, ನಾನು ನಿಂತೇ ಇದ್ದೆ. ಬಿದ್ದಲ್ಲಿಂದಲೇ ನೀನು ಕೈಯೆತ್ತಿ ಏನೂ ಆಗಿಲ್ಲ ಎಂದು ಬೀಸಿದೆ. ಅದು ರೆಫರಿಗೆ ಎಂದೆ ನಾನು. ನಮಗೆ ಎಂದಳು ನಿಮ್ಮಮ್ಮ.

ಈಗ ಈ ಪತ್ರದಲ್ಲಿ ಏನು ಬರೆಯಬೇಕೆಂಬುದರ ಮೇಲೆ ಮನೆ ಎರಡು ಪಕ್ಷವಾಗಿದೆ. "ಸಾಕು, ಮನೆಗೆ ಬಾ ಅಂತ ಬರೀರಿ" ಎನ್ನುತ್ತಾಳೆ ನಿಮ್ಮಮ್ಮ. ಮನೆಯಲ್ಲೇ ಇರಬಹುದಿತ್ತು ಎಂದಿದ್ದ ಅಜ್ಜಿ ಈಗ, "ವರ್ಲ್ಡ್ ಕಪ್ ಬರ್ತಾ ಇದೆ, ಅವಳನ್ನ ಕೆಣಕಬೇಡ" ಎನ್ನುತ್ತಾಳೆ. ಕೋಳಿ ಬೆಂದಿತೋ ಇಲ್ಲವೋ ಎಂಬುದನ್ನು ಸದ್ದಿನಲ್ಲೇ ಹೇಳಬಲ್ಲ ನನಗೆ ಇದೊಂದು ಹೇಳಲಾಗುತ್ತಿಲ್ಲ. ಸಾಕು ಎಂದರೆ ನಿನ್ನ ಕಾಲು ಹಿಡಿದೆಳೆದಂತೆ. ಆಡು ಎಂದರೆ ನಾನೇ ಮುರಿದಂತೆ. ನಿನ್ನ ಆಟದಲ್ಲಿ ನಾನು ಮೊದಲಿನಿಂದಲೂ ಗೆರೆಯಾಚೆಯವನೇ, ಮಗಳೇ. ಡಾಕ್ಟರ ಕೈಗುಣ ಚೆನ್ನಾಗಿರಲಿ, ನಿನಗೆ ನೋವು ಕಡಿಮೆಯಿರಲಿ. ಇದಕ್ಕಿಂತ ಹೆಚ್ಚು ಹರಸುವುದಕ್ಕೆ ನನಗೆ ಬರುವುದಿಲ್ಲ.

ಒಂದೇ ಒಂದು ಕೆಲಸ ಮಾಡು. ಹಿಂದಿನ ಎರಡು ಸಲವೂ ನಮಗೆ ಗೊತ್ತಾಗಬಾರದೆಂದು ಆಸ್ಪತ್ರೆಯಲ್ಲಿ ನಿನ್ನ ಕಡೆಯವರೆಂದು ತಂಡದ ಮಾಲೀಷಿನವರ ಹೆಸರು ಕೊಟ್ಟಿದ್ದೆಯಂತೆ. ಒಳ್ಳೆಯ ಮನುಷ್ಯ, ನನಗೆ ಬೇಸರವಿಲ್ಲ. ಆದರೆ ಆಪರೇಷನ್ ಕೋಣೆಯ ಹೊರಗೆ ಕೂರಲು ಒಬ್ಬರನ್ನೇ ಬಿಡುತ್ತಾರೆ ಎಂದು ಕೇಳಿದೆ. ಗುರುವಾರ ಅಂಗಡಿಗೆ ರಜೆ ಹಾಕಿ ಬೆಳಗಿನ ರೈಲಿಗೆ ಬರುತ್ತೇನೆ. ನಿಮ್ಮ ಕಡೆಯವರು ಯಾರು ಎಂದು ನರ್ಸ್ ಕೇಳಿದಾಗ, ಈ ಸಲ ನನ್ನ ಹೆಸರು ಹೇಳಿಬಿಡು.

ಇಂತಿ,
ನಿನ್ನ ಅಪ್ಪ,
ತಾಕ್ ಸಂಗ್‌ಗ್ಯು