ವಿಷಯ: ನಡುಗಡ್ಡೆ ಊರಿನ ಹಳೆಯ ಪ್ರತಿಯನ್ನು ಉಳಿಸಿಕೊಳ್ಳುವ ಕುರಿತು

ಗದಗ
ಜೂನ್ 14, 2457 (ಕಂಪ್ಯೂಟರಿನ ಪ್ರಕಾರ)
ಜೂನ್ 14, 2157 (ಅಡುಗೆಮನೆಯ ಕ್ಯಾಲೆಂಡರಿನ ಪ್ರಕಾರ)

ಮಹಾಮಾತೃಶ್ರೀ ಚಿನ್ಮಯಿ ಮುಳಗುಂದ, ವಯಸ್ಸು ಹದಿನಾಲ್ಕು, ಒಂಬತ್ತನೆಯ ಇಯತ್ತೆ, ಇವರ ಪಾದಗಳಿಗೆ, ನಿಮ್ಮದೇ ಬಳ್ಳಿಯ ತುದಿಯ ಕುಡಿಯಾದ ಫಕೀರವ್ವ, ವಯಸ್ಸು ಹತ್ತೊಂಬತ್ತು, ಮಾಡುವ ಸಾಷ್ಟಾಂಗ ನಮಸ್ಕಾರಗಳು.

ಇತ್ತ ನಾವೆಲ್ಲ ಕ್ಷೇಮ ಎಂದು ಬರೆಯುವುದು ಪದ್ಧತಿ. ಆದರೆ ಪತ್ರದ ಮೊದಲ ಸಾಲಿಗೇ ಸುಳ್ಳು ಹೇಳಿದರೆ ಮುಂದಿನದನ್ನು ನೀವು ನಂಬಲಿಕ್ಕಿಲ್ಲ. ನಿಮ್ಮ ಕ್ಷೇಮ ವಿಚಾರಿಸೋಣವೆಂದರೆ ನೀವು ತೀರಿಕೊಂಡು ಅರವತ್ತೆರಡು ವರ್ಷವಾಯಿತು. ಗಾಬರಿಯಾಗಬೇಡಿ. ಎಂಬತ್ತಮೂರು ತುಂಬಿಸಿಕೊಂಡು, ಎರಡು ಲೋಟ ಚಹಾ ಕುಡಿದೇ ಹೋದಿರಂತೆ. ನನ್ನ ಭಾಷೆ ವಿಚಿತ್ರವಾಗಿ ಕಂಡರೆ ಕ್ಷಮಿಸಬೇಕು. ನಿಮ್ಮ ಕಾಲದ ಕನ್ನಡವನ್ನು ನಾನು ಕಾಲೇಜಿನಲ್ಲಿ ಐಚ್ಛಿಕ ವಿಷಯವಾಗಿ ಓದಿದೆ, ಅದರಲ್ಲೂ ಅರ್ಧ ಪಾಠ ನಿದ್ದೆಯಲ್ಲಿ. ನೀವು ನನ್ನ ಆಯಿಗೆ, ಅಂದರೆ ನನ್ನ ಅಜ್ಜಿಗೆ, ಮುತ್ತಜ್ಜಿ. ನನಗೆ ಏನಾಗಬೇಕೆಂದು ನಿಘಂಟು ತೆಗೆದು ನೋಡಿದೆ. ಅದು ಮುತ್ತಜ್ಜಿಯ ಹತ್ತಿರವೇ ದಣಿದು ಕೂತುಬಿಟ್ಟಿದೆ. ಮನೆಯಲ್ಲಿ ‘ಹಿರೇ ಆಯಿ’ ಎನ್ನುತ್ತೇವೆ, ನಾನೂ ಹಾಗೆಯೇ ಕರೆಯುತ್ತೇನೆ. ನೀವು ನನಗಿಂತ ಐದು ವರ್ಷ ಚಿಕ್ಕವರೆಂಬುದನ್ನು ಇಬ್ಬರೂ ಮರೆಯೋಣ. ಇನ್ನು, ನನ್ನ ಹೆಸರು ಓದಿ ನಗಬೇಡಿ. ಫಕೀರವ್ವ ಎಂಬುದು ಈಗ ಬಲು ಚಾಲ್ತಿಯ ಹೆಸರು, ನನ್ನ ತರಗತಿಯಲ್ಲೇ ನಾಲ್ಕು ಜನ ಇದ್ದೇವೆ. ಚಿನ್ಮಯಿ ಎಂದರೆ ನಮ್ಮಲ್ಲಿ ಹಲ್ಲಿಲ್ಲದ ಅಜ್ಜಿಯೇ ಕಣ್ಣ ಮುಂದೆ ಬರುತ್ತಾಳೆ.

ನಮ್ಮ ಗದಗಿನಲ್ಲಿ ಬೆಳಿಗ್ಗೆ ಹನ್ನೊಂದರಿಂದ ಸಂಜೆ ಐದರವರೆಗೆ ಯಾರೂ ಹೊರಗೆ ಕಾಲಿಡುವುದಿಲ್ಲ. ಅಂಗಳದ ಕಲ್ಲಿನ ಮೇಲೆ ಹಪ್ಪಳ ತಾನಾಗಿ ಸುಟ್ಟುಕೊಳ್ಳುತ್ತದೆ. ಆ ಹೊತ್ತಿಗೆ ‘ನೆಲಮನೆ ಹೊತ್ತು’ ಎಂದು ಹೆಸರು. ಊರಿಗೆ ಊರೇ ಮನೆಯ ಕೆಳಗಿನ ಕೋಣೆಗೆ ಇಳಿದುಬಿಡುತ್ತದೆ. ತಂಪನ್ನು ಪಡಿತರ ಚೀಟಿಯ ಮೇಲೆ ಕೊಡುತ್ತಾರೆ, ನೆಂಟರು ಬಂದರೆ ತಮ್ಮ ಪಾಲಿನ ತಂಪು ತಾವೇ ತರಬೇಕು. ರೊಟ್ಟಿಯನ್ನು ಯಂತ್ರವೇ ಮಾಡುತ್ತದೆ, ಒಂದಿಷ್ಟೂ ಸದ್ದಿಲ್ಲದೆ. ಸದ್ದಿಲ್ಲದ ರೊಟ್ಟಿ ಗಂಟಲಲ್ಲಿ ಇಳಿಯುವುದಿಲ್ಲವೆಂದು ಆಯಿ ಜಗಳವಾಡಿ ಅದಕ್ಕೆ ಬಡಿಯುವ ಸದ್ದು ಹಾಕಿಸಿದ್ದಾಳೆ. ಆಟಗಳನ್ನು ಈಗ ಅಂಗಿಯಂತೆ ತೊಡುತ್ತಾರೆ. ಬೆರಳಿನಿಂದ ಗುಂಡಿ ಒತ್ತಿ, ಚಪ್ಪಟೆ ಪರದೆ ನೋಡುತ್ತಾ ಆಡುವವಳು ಇಡೀ ಓಣಿಯಲ್ಲಿ ನನ್ನ ಆಯಿ ಒಬ್ಬಳೇ. ಅವಳ ಹೆಸರು ಶಾಲ್ಮಲಾ, ವಯಸ್ಸು ಎಪ್ಪತ್ತೆರಡು. ಅವಳು ಆಡುವ ಆಟ ಯಾವುದೆಂದು ನಿಮಗೆ ಹೇಳಬೇಕಾಗಿಲ್ಲ. ಅದು ನೀವು ಈಗ ಪರೀಕ್ಷೆಗೆ ಓದುವುದು ಬಿಟ್ಟು ಆಡುತ್ತಿರುವ ‘ನಡುಗಡ್ಡೆ’.

ಹೌದು ಹಿರೇ ಆಯಿ, ನೀವು ಕಟ್ಟಿದ ಆ ಊರು ನೂರಾ ಮೂವತ್ತೊಂದು ವರ್ಷ ಬಾಳಿತು. ಮನೆಯ ಕಂಪ್ಯೂಟರಿನಿಂದ ಲ್ಯಾಪ್‌ಟಾಪಿಗೆ ಅದನ್ನು ಪೆನ್‌ಡ್ರೈವಿನಲ್ಲಿ ಒಯ್ದಿರಲ್ಲ, ಅಲ್ಲಿಂದ ಶುರು. ಆಮೇಲೆ ಆರು ಕಂಪ್ಯೂಟರು ಸತ್ತವು, ಊರು ಮಾತ್ರ ಒಂದರಿಂದ ಇನ್ನೊಂದಕ್ಕೆ ದಾಟುತ್ತಲೇ ಬಂತು. ಹೊಸ ಕಂಪ್ಯೂಟರು ಬಂದ ವರ್ಷ ಆಯುಧ ಪೂಜೆಯ ದಿನ ಅದಕ್ಕೆ ವಿಭೂತಿ ಹಚ್ಚಿ ಊರನ್ನು ದಾಟಿಸುವುದು ನಮ್ಮ ಮನೆಯ ಸಂಪ್ರದಾಯ. ಆಡಿದವರೆಲ್ಲ ಒಂದೊಂದು ಫಲಕ ನೆಟ್ಟಿದ್ದಾರೆ. ಹಾಳುಬಾವಿಯ ಹತ್ತಿರ ನಿಮ್ಮದೇ ಇದೆ, “ಇಲ್ಲೆ ಬಿದ್ರ ಮತ್ತ ಮೊದಲಿಂದ. ನಾ ಮೂರು ಸಲ ಬಿದ್ದೀನಿ” ಎಂದು. ನಿಮ್ಮ ಮಗಳದು ಮಾವಿನ ಗಿಡದ ಬುಡದಲ್ಲಿ, “ಅವ್ವಾ, ಇದನ್ನ ಕಡದಿ ಅಂದ್ರ ನೋಡು” ಎಂದು. ಹೀಗೆ ನಲವತ್ತೊಂದು.

ಮತ್ತು ಕೊಳದ ದಂಡೆಯ ಬಾಂಕಿನ ಮೇಲೆ ನೀವು ಕೂತಿದ್ದಿರಿ. ಆಟದೊಳಗಿನ ನಿಮ್ಮ ಗೊಂಬೆಯ ಮಾತು ಹೇಳುತ್ತಿದ್ದೇನೆ. ಎಂಬತ್ತಮೂರರ ನೀವು, ಹತ್ತು ವರ್ಷದ ಆಯಿಯನ್ನು ಪಕ್ಕದಲ್ಲಿ ಕೂರಿಸಿಕೊಂಡು ಆಡಿದ ಕೊನೆಯ ದಿನ, ಗೊಂಬೆಯನ್ನು ಬಾಂಕಿನ ಮೇಲೆ ಕೂರಿಸಿ, “ಸಾಕವಾ, ಕಣ್ಣು ಉರಿತಾವು” ಎಂದು ಎದ್ದಿರಂತೆ. ಮರುದಿನ ನೀವು ಆಡಲು ಬರಲಿಲ್ಲ. ಗೊಂಬೆ ಅಲ್ಲೇ ಉಳಿಯಿತು. ಅರವತ್ತೆರಡು ವರ್ಷ ಅದನ್ನು ಯಾರೂ ಏಳಿಸಲಿಲ್ಲ. ಆಯಿ ದಿನಾ ನೆಲಮನೆ ಹೊತ್ತಿನಲ್ಲಿ ಊರು ಸುತ್ತಿ, ಕೋಳಿಗೆ ಕಾಳು ಹಾಕಿ, ಕೊನೆಗೆ ತನ್ನ ಗೊಂಬೆಯನ್ನು ನಿಮ್ಮ ಪಕ್ಕದಲ್ಲಿ ಕೂರಿಸಿ ಸ್ವಲ್ಪ ಹೊತ್ತು ಕೊಳ ನೋಡುತ್ತಿದ್ದಳು.

ಈಗ ಅಪರಾಧಿಯ ಹೇಳಿಕೆ.

ನೀವು ‘ಸಿಂಕ್’ ಎನ್ನುತ್ತೀರಂತೆ, ಆ ಕೆಲಸಕ್ಕೆ ನಮ್ಮಲ್ಲಿ ‘ಹೊಂದಿಕೆಗಾರ’ ಎಂಬ ಅದೃಶ್ಯ ಗುಮಾಸ್ತನಿದ್ದಾನೆ. ಆಯಿಯ ಕಂಪ್ಯೂಟರು, ನನ್ನದು, ಬಳ್ಳಾರಿಯ ಧ್ರುವ ಕಾಕಾನದು, ಈ ಮೂರರಲ್ಲೂ ಊರು ಒಂದೇ ರೀತಿ ಇರುವಂತೆ ನೋಡಿಕೊಳ್ಳುವವನು ಅವನೇ. ಎರಡು ಪ್ರತಿಗಳು ಬೇರೆಬೇರೆಯಾದರೆ ತಾರೀಖು ನೋಡುತ್ತಾನೆ, ಹೊಸದನ್ನು ಇಟ್ಟುಕೊಂಡು ಹಳೆಯದನ್ನು ಒರೆಸುತ್ತಾನೆ. ಹಳೆಯದನ್ನು ಬೇರೆ ಇಡಲು ಇನ್ನೊಂದು ಯಂತ್ರ ಬೇಕು, ಯಂತ್ರಕ್ಕೆ ತಂಪು ಬೇಕು, ತಂಪಿಗೆ ಪಡಿತರ. ಆದ್ದರಿಂದ ಯಾವುದಕ್ಕಾದರೂ ಒಂದೇ ರೂಪ ಎಂಬುದು ಕಾನೂನು. ಯಾವುದು ಬೇಕೆಂದು ಅವನು ನಮ್ಮನ್ನು ಕೇಳುವುದೂ ಇಲ್ಲ. ಜನ ಉತ್ತರ ಕೊಡಲು ತಡ ಮಾಡುತ್ತಿದ್ದರೆಂದು ಕೇಳುವ ಪದ್ಧತಿಯನ್ನೇ ಎಂದೋ ತೆಗೆದುಹಾಕಿದರು.

ಆಯಿಯ ಹುಟ್ಟುಹಬ್ಬಕ್ಕೆ ಒಂದು ಚೇಷ್ಟೆ ಮಾಡೋಣ ಎನಿಸಿತು. ನನ್ನ ಕಂಪ್ಯೂಟರಿನಲ್ಲಿ ಊರನ್ನು ತೆರೆದು, ಫಲಕಗಳನ್ನೆಲ್ಲ ಅಳಿಸಿ ಹೊಸದು ಬರೆದೆ. ಬಾವಿಗೆ: “ಈ ಬಾವಿಯಲ್ಲಿ ಮೊಸಳೆ ವಾಸವಿದ್ದು, ಭೇಟಿಯ ವೇಳೆ ಬೆಳಿಗ್ಗೆ ಹತ್ತರಿಂದ. ಅಪ್ಪಣೆಯ ಮೇರೆಗೆ, ತಹಶೀಲ್ದಾರ.” ಬಾವಿಯೊಳಗೆ ನಿಜವಾಗಿಯೂ ಒಂದು ಮೊಸಳೆ ಬಿಟ್ಟೆ. ಕೋಳಿಗೂಡಿಗೆ: “ಪ್ರೌಢಶಾಲೆ. ಮೊಟ್ಟೆ ಇಡದವರು ನಾಪಾಸು.” ತಹಶೀಲ್ದಾರ ಇಲ್ಲದೆ ಅಪ್ಪಣೆ ಹೇಗೆ? ಊರಲ್ಲಿ ಖಾಲಿ ಕೂತಿದ್ದವರು ನೀವೊಬ್ಬರೇ. ನಿಮ್ಮನ್ನು ಬಾಂಕಿನಿಂದ ಏಳಿಸಿ, ತಲೆಗೆ ರುಮಾಲು ಸುತ್ತಿ, ಕೋಳಿಗೂಡಿನ ಮೇಲೆ ನಿಲ್ಲಿಸಿದೆ. ಬಹಳ ನಕ್ಕೆ.

ತೊಡಕು ಒಂದೇ ಇತ್ತು. ಆಯಿ ದಿನಾ ಆಡುವವಳು, ಅವಳ ಪ್ರತಿಯೇ ಯಾವಾಗಲೂ ಹೊಸದು. ನನ್ನದು ಗೆಲ್ಲಬೇಕಾದರೆ ಅದರ ತಾರೀಖು ಮುಂದಿನದಾಗಬೇಕು. ನನ್ನ ಕಂಪ್ಯೂಟರಿನ ಗಡಿಯಾರವನ್ನು ಒಂದು ದಿನ ಮುಂದೆ ತಿರುಗಿಸಿದ್ದರೆ ಸಾಕಿತ್ತು. ಒಂದು ದಿನದಲ್ಲಿ ಏನು ಗಮ್ಮತ್ತು ಎಂದು ಮುನ್ನೂರು ವರ್ಷ ತಿರುಗಿಸಿದೆ. ಹೊಂದಿಕೆಗಾರ ಆ ತಾರೀಖಿಗೆ ಸಲಾಮು ಹೊಡೆದು ಆಯಿಯ ಊರನ್ನು ಒರೆಸಿ ನನ್ನದನ್ನು ಇಟ್ಟ. ಕಾಕಾನ ಕಂಪ್ಯೂಟರು ಎಂಟು ತಿಂಗಳಿಂದ ಮುಚ್ಚಿಯೇ ಇತ್ತು, ಅದರೊಳಗೆ ಹಳೆಯ ಊರು ಭದ್ರವಾಗಿರುತ್ತದೆ, ನಾಳೆ ಅಲ್ಲಿಂದ ತಂದರಾಯಿತು ಎಂಬುದು ನನ್ನ ಲೆಕ್ಕ.

ಆಯಿ ಕನ್ನಡಕ ಹಾಕಿಕೊಂಡು ಕೂತಳು. ಮೊಸಳೆಯ ಫಲಕ ಓದಿ ಹೊಟ್ಟೆ ಹಿಡಿದುಕೊಂಡು ನಕ್ಕಳು. “ಇದು ನಿಂದ ಕಿತಾಪತಿ. ಮೊಟ್ಟಿ ಇಡದವರು ನಾಪಾಸಂತ! ನೀ ಎಷ್ಟ ಇಟ್ಟಿ ಹೇಳು ಮೊದಲ!” ನಗುತ್ತಲೇ ಅವಳ ಗೊಂಬೆ ಕೊಳದ ಕಡೆ ನಡೆಯಿತು, ಬಾಂಕಿನ ಮೇಲೆ ತನ್ನ ಜಾಗದಲ್ಲಿ ಕೂತಿತು. ಪಕ್ಕ ಖಾಲಿ.

“ಮುತ್ತಜ್ಜಿ ಎಲ್ಲೆ?”

“ಕೋಳಿಗೂಡಿನ ಮ್ಯಾಲ ನೋಡ ಆಯಿ. ತಹಶೀಲ್ದಾರ ಮಾಡೀನಿ!”

ಆಯಿ ಪರದೆಯನ್ನೇ ನೋಡುತ್ತಿದ್ದಳು. “ಎಬ್ಬಿಸಿದೇನ ಅಕೀನ?” ಎಂದಳು.

ನಾಳೆ ಎಲ್ಲ ಮೊದಲಿನಂತೆ ಮಾಡುತ್ತೇನೆ ಎಂದು ನಾನು ಆಗಲೂ ಹಲ್ಲು ಬಿಟ್ಟುಕೊಂಡೇ ಹೇಳಿದೆ. ಮರುದಿನದವರೆಗೆ ಕಾಯಲು ಮನಸ್ಸಾಗದೆ ಆಗಲೇ ಕಾಕಾನಿಗೆ ಫೋನು ಮಾಡಿದೆ.

“ಕಾಕಾ, ನಿಮ್ಮ ಕಂಪ್ಯೂಟರ ಚಾಲೂ ಮಾಡಬ್ಯಾಡ್ರಿ!”

“ಯಾಕವಾ, ಏನಾತು?”

“ಹಳೇ ಊರು ಅದರಾಗ ಒಂದ ಉಳದೈತಿ. ನಾ ಬಂದು—”

“ಹೌದೇನು? ನಂದ್ರಾಗೂ ಐತೋ ಇಲ್ಲೋ ಯಾರಿಗೆ ಗೊತ್ತು. ತಡಿ, ನೋಡೇ ಬಿಡ್ತೀನಿ.”

“ಕಾಕಾ! ಬ್ಯಾಡ್ರಿ! ನೋಡಬ್ಯಾಡ್ರಿ!”

ಫೋನಿನಲ್ಲಿ ಕಂಪ್ಯೂಟರು ಎಚ್ಚರಗೊಳ್ಳುವ ಸದ್ದು ಕೇಳಿತು. ಕಂಪ್ಯೂಟರು ಎದ್ದರೆ ಹೊಂದಿಕೆಗಾರನೂ ಎದ್ದಂತೆ. ಕಾಕಾ ಬಹಳ ಒಳ್ಳೆಯವರು. ಯಾರೇ ಏನೇ ಕಳೆದುಕೊಂಡರೂ ಮೊದಲು ಎದ್ದು ಹುಡುಕುವವರು.

“ಐತಿ, ಐತಿ! ಅಂಜಬ್ಯಾಡ, ಊರು ಐತಿ ಇಲ್ಲೆ. ಮಾವಿನ ಗಿಡಾ ಐತಿ, ಬಾವಿ ಐತಿ...” ಆಮೇಲೆ ಕುರ್ಚಿ ಹತ್ತಿರ ಎಳೆದುಕೊಂಡ ಸದ್ದು. “ಫಕ್ಕಿ, ಬಾವ್ಯಾಗ ಮೊಸಳಿ ಐತೆಲ್ಲವಾ?”

ಹೀಗೆ ಮುಗಿಯಿತು. ಫಲಕಗಳಲ್ಲಿ ಇಪ್ಪತ್ತಾರನ್ನು ನಾವೆಲ್ಲ ಕೂತು ನೆನಪಿಸಿಕೊಂಡು ಮತ್ತೆ ಬರೆದೆವು. ಉಳಿದ ಹದಿನೈದರಲ್ಲಿ ಏನಿತ್ತೆಂದು ಅಳಿಸಿದವಳಿಗೇ ಗೊತ್ತಿಲ್ಲ, ಓದದೆ ಅಳಿಸಿದ್ದೆ. ಮೊಸಳೆಯನ್ನು ಹೊರಹಾಕಿದೆ. ನಿಮ್ಮ ತಲೆಯ ರುಮಾಲು ತೆಗೆದು, ಕೆಳಗಿಳಿಸಿ, ಕೊಳದವರೆಗೆ ನಡೆಸಿಕೊಂಡು ಹೋಗಿ ಆಯಿಯನ್ನು ಕರೆದೆ, “ಬಾ ಆಯಿ, ಕುಂದ್ರಸ್ತೀನಿ, ಮೊದಲ ಹೆಂಗಿತ್ತೋ ಹಂಗ” ಎಂದು. ಆಯಿ ಮೆಟ್ಟಿಲ ಮೇಲೇ ನಿಂತಳು.

“ಬ್ಯಾಡ ಬಿಡು. ಅಕಿ ತಾನ ಕುಂತಿದ್ಲು. ನೀ ಕುಂದ್ರಿಸಿದ್ರ ಅದು ನೀ ಕುಂದ್ರಿಸಿದಂಗ.”

ಇಷ್ಟೇ ಹೇಳಿದ್ದು. ಬೈಯಲಿಲ್ಲ. ಬೈದಿದ್ದರೆ ನಾನೂ ಏನಾದರೂ ಎದುರು ಮಾತಾಡಿ, ಅತ್ತು, ರಾತ್ರಿ ಊಟದ ಹೊತ್ತಿಗೆ ಒಂದಾಗುತ್ತಿದ್ದೆವು. ನಮ್ಮ ಜಗಳಗಳೆಲ್ಲ ಹಾಗೆಯೇ ಮುಗಿಯುವುದು. ಹನ್ನೊಂದು ದಿನವಾಯಿತು, ಆಯಿ ಆ ಪರದೆಯ ಹತ್ತಿರ ಬಂದಿಲ್ಲ. ನೆಲಮನೆ ಹೊತ್ತಿನಲ್ಲಿ ಮೊರ ತುಂಬ ಬೇಳೆ ಹಾಕಿಕೊಂಡು ಕಲ್ಲು ಆರಿಸುತ್ತಾಳೆ. ನಮ್ಮ ಕಾಲದ ಬೇಳೆಯಲ್ಲಿ ಕಲ್ಲು ಇರುವುದಿಲ್ಲ. ನಾನು ಎರಡು ದಿನ ಪಕ್ಕದಲ್ಲಿ ಕೂತು ಆರಿಸಿದೆ. ಮೂರನೆಯ ದಿನ ಒಂದಿಷ್ಟು ಹರಳು ತಂದು ಗೊತ್ತಾಗದಂತೆ ಬೇಳೆಯಲ್ಲಿ ಬೆರೆಸಿದೆ, ಸಿಗಲಿ ಎಂದು. ಅವಳು ಒಂದನ್ನು ಎತ್ತಿ ನೋಡಿ, ನನ್ನ ಮುಖ ನೋಡಿ, ಪಕ್ಕಕ್ಕಿಟ್ಟಳು.

ಆದ್ದರಿಂದ ತಮಗೆ ಈ ಅರ್ಜಿ. ಹೊಂದಿಕೆಗಾರನ ಬಳಿ ಒಂದು ಪಟ್ಟಿ ಇದೆ, ನಮ್ಮ ಊರು ಎಂದಾದರೂ ವಾಸವಿದ್ದ ಕಂಪ್ಯೂಟರುಗಳದ್ದು. ಅದರ ಮೊದಲ ಸಾಲಿನಲ್ಲಿ ನಿಮ್ಮದಿದೆ, ಎದುರಿಗೆ ‘ಇನ್ನೂ ಉತ್ತರ ಬಂದಿಲ್ಲ’ ಎಂಬ ಷರಾ. ಆ ಪೆದ್ದ ಇಂದಿಗೂ ಅದನ್ನು ಹುಡುಕುತ್ತಲೇ ಇದ್ದಾನೆ. ಈ ಪತ್ರಕ್ಕೆ ನಮ್ಮ ನಡುಗಡ್ಡೆ ಊರಿನ ಕಡತದ ಹೆಸರನ್ನೇ ಇಟ್ಟು, ಗಡಿಯಾರವನ್ನು ಮತ್ತೆ ಮುನ್ನೂರು ವರ್ಷ ಮುಂದೆ ತಿರುಗಿಸಿ, ಅವನ ಕೈಗೆ ಕೊಡುತ್ತಿದ್ದೇನೆ. ತಾರೀಖೊಂದನ್ನೇ ನಂಬುವವನಿಗೆ ಹಿಂದೆ ಯಾವುದು, ಮುಂದೆ ಯಾವುದು ಎಂಬ ಪರಿವೆ ಇರಲಿಕ್ಕಿಲ್ಲ. ತಲುಪಿಸಿದರೂ ತಲುಪಿಸಿಯಾನು.

ತಲುಪಿದರೆ, ನಿಮ್ಮ ಪರದೆಯ ಎಡಗಡೆ ನಿಮ್ಮ ಊರು, ಬಲಗಡೆ ಈ ಪತ್ರ ಕಾಣುತ್ತದೆ. ಎರಡಕ್ಕೂ ಹೆಸರು ಒಂದೇ, ಎರಡೂ ಇರಲಾರವು. ನಿಮ್ಮ ಕಾಲದ ಯಂತ್ರಕ್ಕೆ ಕೇಳುವಷ್ಟು ಮರ್ಯಾದೆ ಇನ್ನೂ ಇದೆ. ಯಾವುದನ್ನು ಉಳಿಸಲಿ ಎಂದು ಅದು ಕೇಳುತ್ತದೆ.

ಒತ್ತುವ ಮೊದಲು ಒಂದನ್ನು ನೆನಪಿಡಿ. ನಿಮಗೆ ಎಂಬತ್ತಮೂರಾದಾಗ ಪಕ್ಕದಲ್ಲಿ ಒಂದು ಹುಡುಗಿ ಕೂತಿರುತ್ತಾಳೆ, ಒಂದು ನಿಮಿಷ ಬಾಯಿ ಮುಚ್ಚುವವಳಲ್ಲ. ಕಣ್ಣು ಉರಿಯುತ್ತದೆ ಎಂದು ಏಳುವ ಆ ದಿನ, ಊರಿನ ಒಂದು ಪ್ರತಿಯನ್ನು ಬೇರೆ ಪೆನ್‌ಡ್ರೈವಿಗೆ ತೆಗೆದು ಅವಳ ಕೈಯಲ್ಲಿಡಿ. ಯಾವ ಕಂಪ್ಯೂಟರಿಗೂ ಚುಚ್ಚಬೇಡ, ಮನೆಯಲ್ಲಿ ಮುಂದೆ ಹುಟ್ಟುವ ಯಾವ ಹುಡುಗಿಗೂ ಕೊಡಬೇಡ ಎಂದು ಗದರಿಸಿ ಹೇಳಿ.

ಇನ್ನು ಎಡಗಡೆಯದನ್ನು ಒತ್ತಿ. ಹಳೆಯದನ್ನು. ಈ ಪತ್ರ ಒರೆಸಿಹೋಗುತ್ತದೆ. ನೀವು ಓದಿದಿರೋ ಇಲ್ಲವೋ ನನಗೆ ತಿಳಿಯುವುದಿಲ್ಲ, ಅಡ್ಡಿಯಿಲ್ಲ. ಪಾಪ, ಬರೆದಿದ್ದಾಳೆ ಎಂದು ಯೋಚಿಸುತ್ತಾ ಕೂಡಬೇಡಿ ಹಿರೇ ಆಯಿ. ಬಹಳ ಹೊತ್ತು ಉತ್ತರ ಕೊಡದಿದ್ದರೆ ಅದು ತಾನೇ ಹೊಸದನ್ನು ಆರಿಸಿಕೊಳ್ಳುತ್ತದಂತೆ.

ಇಂತಿ, ಒರೆಸಿಹೋಗಲು ಸಿದ್ಧಳಾಗಿ ನಿಂತಿರುವ
ಫಕೀರವ್ವ